ಹಳಿ ಪಕ್ಕ 19 ನಿಮಿಷ: ನಮ್ಮ ಕಿರುಚಿತ್ರ ನೋಡಿ, ಬೈಯೋದಿದ್ರೂ ಬೈರಿ

ಹಳೇಪೇಟೆ ಕ್ಯಾಮೆರಾ

ಎಲ್ಲರಿಗೂ ನಮಸ್ಕಾರ. ನಾವು ನಾಲ್ಕು ಜನ ಗೆಳೆಯರು ಸೇರಿ ಒಂದು ಕಿರುಚಿತ್ರ ಮಾಡಿದೀವಿ. 19 ನಿಮಿಷದ್ದು. ಹೆಸರಿನ್ನೂ ಇಟ್ಟಿಲ್ಲ. ಕಥೆ ಇಲ್ಲ, ಡೈಲಾಗ್ ಇಲ್ಲ, ಹೀರೋ ಅಂತ ಯಾರೂ ಇಲ್ಲ. ನಮ್ಮ ದಾವಣಗೆರೆ ಆಚೀಚೆ, ತೋಳಹುಣಸೆ ಕಡೆಯಿಂದ ಅಮರಾವತಿ ಕಾಲೊನಿ ತನಕ ರೈಲು ಹಳಿ, ಅದರ ಆಚೆ ಈಚೆ ದಿನಾ ನಡೆಯೋ ಕೆಲಸ, ಅಷ್ಟೇ.

ಬೆಳಗಿನ ಜಾವ ಕೀಮ್ಯಾನ್ (ದಿನಾ ನಡ್ಕೊಂಡು ಹಳಿ ತಪಾಸಣೆ ಮಾಡೋ ರೈಲ್ವೆ ನೌಕರ) ಒಬ್ಬರು ಕಿತ್ತಳೆ ಜಾಕೀಟು ಹಾಕ್ಕೊಂಡು ಹಳಿ ಗುಂಟ ನಡ್ಕೊಂಡು ಹೋಗೋದರಿಂದ ಶುರು. ಅವರು ಚುಕ್ಕಿಯಾಗಿ ಕಾಣೆಯಾಗೋ ತನಕ ಕ್ಯಾಮೆರಾ ಅಲ್ಲಾಡಲ್ಲ. ಆಮೇಲೆ ಗೇಟು, ಗೂಡ್ಸ್ ಗಾಡಿ, ಮಂಡಕ್ಕಿ ಭಟ್ಟಿ, ಗೂಡ್ಸ್ ಶೆಡ್ಡಿನಲ್ಲಿ ಮೆಕ್ಕೆಜೋಳದ ಚೀಲ ಹೊರೋ ಹಮಾಲರು, ಹಳೇ ಮಿಲ್ಲಿನ ಗೋಡೆ. ಕೊನೆಗೆ ಮತ್ತೆ ಹಳಿ, ಸಂಜೆ ಹೊತ್ತಿಂದು.

ದಾವಣಗೆರೆ ಅಂದ್ರೆ ಯಾರ ಕ್ಯಾಮೆರಾದಲ್ಲೂ ಬೆಣ್ಣೆದೋಸೆ ಕಾವಲಿ, ಗಾಜಿನ ಮನೆ ಬಿಟ್ಟು ಬೇರೇನೂ ಬರಲ್ಲ. ಆ ಹಟಕ್ಕೇ ಮಾಡಿದ್ದು ಅಂತ ಇಟ್ಕೊಳ್ರಿ. ಮೇಲೆ ಕೊಂಡಿ ಹಾಕಿದೀನಿ. ಇದು ಕಚ್ಚಾ ಎಡಿಟ್, ಇನ್ನೂ ಬದಲಾಯಿಸೋಕೆ ಬರ್ತದೆ. ಅದಕ್ಕೇ ಇಲ್ಲಿ ಹಾಕ್ತಿರೋದು.

ಮಿರ್ಚಿ ಮಂಡಕ್ಕಿ

ಅಣ್ಣಾ, ಮೊದಲ ನಾಲ್ಕು ನಿಮಿಷ ನನ್ನ ನೆಟ್ ಸಿಕ್ಕಾಕ್ಕೊಂಡಿದೆ ಅಂದ್ಕೊಂಡು ಎರಡು ಸಲ ರಿಫ್ರೆಶ್ ಮಾಡ್ದೆ. ಆಮೇಲೆ ನೋಡಿದ್ರೆ ಆ ಯಪ್ಪ ನಡೀತಾನೇ ಇದಾನೆ.

ಪಿ.ಬಿ. ರಸ್ತೆ

ನನಗೆ ಹಿಡಿಸ್ತು. ಅದರಲ್ಲೂ ಗೂಡ್ಸ್ ಗಾಡಿ ಹಾದು ಹೋಗೋ ಶಾಟ್. ಕತ್ತರಿಸದೆ ಪೂರ್ತಿ ಬಿಟ್ಟಿದೀರಲ್ಲ, ಅದು ಸರಿ. ಅಶೋಕ ಟಾಕೀಸ್ ಗೇಟಿನಲ್ಲಿ ಸೈಕಲ್ ಹಿಡ್ಕೊಂಡು ನಿಂತು ಬೆಳೆದವರಿಗೆ ಗೊತ್ತು, ಗೇಟು ಬಿದ್ದ ಮೇಲೆ ಮಾಡೋಕೆ ಇದ್ದದ್ದು ಒಂದೇ ಕೆಲಸ, ಡಬ್ಬಿ ಎಣಿಸೋದು. ನಿಮ್ಮ ಚಿತ್ರ ನೋಡ್ತಾನೂ ಬೆರಳು ಮಡಚ್ತಾ ಕೂತೆ. 58 ಬಂತು, ಕೊನೆಗೆ ಗಾರ್ಡ್ ಡಬ್ಬಿ. ಎಣಿಸೋದು ತಪ್ಪಿಲ್ಲ ಅಂತ ಖುಷಿ ಆಯ್ತು.

ಆ ಗೇಟಿನಿಂದ ಎಷ್ಟು ಜನಕ್ಕೆ ಬಸ್ಸು ತಪ್ಪಿದೆ, ಎಷ್ಟು ಆಂಬುಲೆನ್ಸ್ ನಿಂತಿದಾವೆ ಅಂತ ಬರೆಯೋಕೆ ಹೋದ್ರೆ ಬೇರೆ ಚರ್ಚೆಯೇ ಶುರುವಾಗ್ತದೆ, ಬಿಡಿ. ಕಾಯೋದೂ ಒಂದು ದಿನಚರಿ ಅನ್ನೋದನ್ನ ಹಿಡಿದಿದೀರಿ.

ಲೋಕೋ ಕ್ಯಾಬ್

ಚಿತ್ರ ನೋಡಿದೆ. ಚೆನ್ನಾಗಿದೆ ಅನ್ನೋದಕ್ಕೆ ಮೊದಲು ಒಂದು ಪ್ರಶ್ನೆ. ಎಲ್ಲಿ ನಿಂತು ತೆಗೆದಿರಿ? ನಾನು ಇದೇ ಕಡೆ ರೈಲು ಓಡಿಸೋ ಪೈಲಟ್. ಹಳಿ ಮೇಲೆ ಮೊಬೈಲ್ ಹಿಡಿದು ನಿಂತ ಹುಡುಗರನ್ನ ನೋಡಿ ನೋಡಿ ನಮಗೆ ಸಾಕಾಗಿದೆ. ಹಾರ್ನ್ ಹೊಡೆದ್ರೆ ಕೈ ಬೀಸ್ತಾರೆ. ಲೋಡ್ ಆದ ಗೂಡ್ಸು ಬ್ರೇಕ್ ಹಾಕಿದ ತಕ್ಷಣ ನಿಲ್ಲೋ ಜಾತಿಯದ್ದಲ್ಲ, ವೇಗದಲ್ಲಿದ್ರೆ ಒಂದು ಕಿಲೋಮೀಟರ್ ಹತ್ತಿರ ಹೋಗೇ ನಿಲ್ಲೋದು.

ಹೊಸಬರು ತಿಳ್ಕೊಳ್ಳಿ. 1989ರ ರೈಲ್ವೆ ಕಾಯ್ದೆಯ 147ನೇ ಸೆಕ್ಷನ್ ಪ್ರಕಾರ ಹಳಿ ಮೇಲೆ ಅನುಮತಿ ಇಲ್ಲದೆ ಓಡಾಡಿದ್ರೆ ಆರು ತಿಂಗಳ ತನಕ ಜೈಲು ಅಥವಾ ಸಾವಿರ ರೂಪಾಯಿ ತನಕ ದಂಡ, ಎರಡೂ ಆಗಬಹುದು. ದಂಡ ಹಾಳಾಗಲಿ, ಹಳಿ ಮೇಲಿನ ತಂತಿಯಲ್ಲಿ ಇರೋದು 25,000 ವೋಲ್ಟ್. ಮುಟ್ಟಬೇಕು ಅಂತೇನಿಲ್ಲ, ಹತ್ತಿರ ಹೋದ್ರೂ ಎಳ್ಕೊಳ್ತದೆ. ಸೆಲ್ಫಿ ಕೋಲು, ಟ್ರೈಪಾಡು ಎತ್ತಿ ಹಿಡಿದು ಓಡಾಡೋರು ಇದನ್ನ ನೆನಪಿಟ್ಕೋಬೇಕು.

ಹಳೇಪೇಟೆ ಕ್ಯಾಮೆರಾ

ಸರ್, ಒಂದೇ ಒಂದು ಶಾಟ್‌ಗೂ ಹಳಿ ಮೇಲೆ ಕಾಲಿಟ್ಟಿಲ್ಲ. ಕೀಮ್ಯಾನ್ ಶಾಟ್ ತೆಗೆದಿದ್ದು ಪಕ್ಕದ ರಸ್ತೆಯಿಂದ, ಉದ್ದದ ಲೆನ್ಸ್ ಹಾಕಿ. ಗೂಡ್ಸ್ ಗಾಡಿ ಗೇಟಿನಾಚೆ ಜನ ನಿಲ್ಲೋ ಜಾಗದಿಂದ. ಸಂಜೆದು ಮೇಲ್ಸೇತುವೆ ಮೇಲಿಂದ. ಡ್ರೋನ್ ಹಾರಿಸಿಲ್ಲ, ದುಡ್ಡೂ ಇರಲಿಲ್ಲ.

ಲೋಕೋ ಕ್ಯಾಬ್

ಹಾಗಿದ್ರೆ ಸರಿ. ಅದನ್ನ ಚಿತ್ರದ ಕೊನೆಗೆ ಒಂದು ಸಾಲು ಹಾಕಿ. ನೋಡಿದ ಹುಡುಗರು ನಾಳೆ ಬೆಳಿಗ್ಗೆ ಹಳಿ ನಡುವೆ ಹೋಗಿ ಕೂರಬಾರದು.

ಬಿಸಿಲು ಕಂಬಿ

ತಮ್ಮಾ, ನಾನು ಹಳಿ ರಿಪೇರಿ ಗ್ಯಾಂಗಿಗೆ ಸೇರಿ ಕೀಮ್ಯಾನ್ ಆಗಿ ರಿಟೈರ್ ಆದವ. ಮೊಮ್ಮಗಳು ಟೀವಿಗೆ ಹಾಕಿ ತೋರಿಸಿದಳು. ನಮ್ಮ ಕೆಲಸವನ್ನ ಯಾರೋ ನಾಲ್ಕು ನಿಮಿಷ ಕೂತು ನೋಡಿದ್ರಲ್ಲಾ ಅಂತ ಮೊದಲು ಸಂತೋಷ ಆತು. ಆಮೇಲೆ ಎರಡು ಮಾತು ಹೇಳಬೇಕು ಅನ್ನಿಸ್ತು.

ಒಂದು, ಸದ್ದು. ಆ ಮನುಷ್ಯ ನಡಿಯುವಾಗ ದೂರದಲ್ಲಿ ಗಾಡಿ ಹೋಗೋ ಸದ್ದು ಹಾಕೀರಿ, ಟಕಟಕ ಟಕಟಕ ಅಂತ. ಆ ಸದ್ದು ಅಲ್ಲಿ ಬರಂಗಿಲ್ಲ. ಮೀಟರ್ ಗೇಜ್ ಕಾಲದಲ್ಲಿ ತುಂಡು ತುಂಡು ಕಂಬಿ, ತುಂಡಿಗೊಂದು ಸಂದು, ಸಂದಿಗೆ ಎರಡು ಕಡೆ ಕಂಬಿ ಜೋಡಿಸೋ ಫಿಶ್‌ಪ್ಲೇಟು, ನಾಲ್ಕು ಬೋಲ್ಟು. ಗಾಲಿ ಆ ಸಂದು ದಾಟುವಾಗ ಬರ್ತಿದ್ದ ಸದ್ದು ಅದು. ಬ್ರಾಡ್ ಗೇಜ್ ಆದ ಮೇಲೆ ಕಂಬಿಗೆ ಕಂಬಿ ಬೆಸೆದು ಉದ್ದಕ್ಕೆ ಒಂದೇ ಮಾಡಿಬಿಟ್ರು. ಈಗ ಅಲ್ಲಿ ಗಾಡಿ ಹೋದ್ರೆ ಬರೀ ಒಂದು ಗುಂಯ್ ಅನ್ನೋ ಸದ್ದು, ಆಮೇಲೆ ಗಾಳಿ. ಟಕಟಕ ಕೇಳಬೇಕಂದ್ರೆ ಸ್ಟೇಷನ್ ಹತ್ರ ಹಳಿ ಕವಲೊಡೆಯೋ ಪಾಯಿಂಟ್ಸ್ ಮೇಲೆ ಕೇಳಬೇಕು.

ಎರಡನೇದು ದೊಡ್ಡದು. ನೀವು ಅವನು ಹೋಗೋದು ತೋರಿಸೀರಿ, ವಾಪಸ್ ಬರೋದು ತೋರಿಸಿಲ್ಲ. ಕೀಮ್ಯಾನ್ ಅಂದ್ರೆ ಹೋಗಿ ಬರೋನು. ಹೋಗುವಾಗ ಒಂದು ಕಂಬಿ ನೋಡ್ತಾ ಹೋಗಬೇಕು, ಬರುವಾಗ ಇನ್ನೊಂದು ಕಂಬಿ ನೋಡ್ತಾ ಬರಬೇಕು. ಕಂಬಿ ಕೆಳಗೆ ಅಡ್ಡ ಹಾಕೋ ಸ್ಲೀಪರ್ ಕಿಲೋಮೀಟರಿಗೆ 1660 ಹಿಡೀರಿ. ಒಂದೊಂದು ಸ್ಲೀಪರಿಗೆ ಕಂಬಿ ಹಿಡಿಯೋ ಕ್ಲಿಪ್ಪು ನಾಲ್ಕು, ಒಂದೊಂದು ಕಂಬಿಗೆ ಒಳಗಡೆ ಒಂದು ಹೊರಗಡೆ ಒಂದು. ಕಿಲೋಮೀಟರಿಗೆ 6640 ಆತು. ಅರ್ಧ ಹೋಗುವಾಗ, ಅರ್ಧ ಬರುವಾಗ. ನಿಮ್ಮ ಚಿತ್ರದಲ್ಲಿ ಆ ಮನುಷ್ಯ ಅರ್ಧ ಡ್ಯೂಟಿ ಮಾಡಿ ಮಾಯ ಆಗಿಬಿಟ್ಟಾನೆ. ನಮ್ಮ ಮೇಸ್ತ್ರಿ ಇದ್ದಿದ್ರೆ ಆಬ್ಸೆಂಟ್ ಹಾಕ್ತಿದ್ದ.

ಮಿರ್ಚಿ ಮಂಡಕ್ಕಿ

ಅಜ್ಜಾರ ಕಾಮೆಂಟಿಗೆ ನನ್ನ ಒಂದು ಪ್ಲೇಟ್ ಮಿರ್ಚಿ.

ಫಿಲ್ಮ್ ಸೊಸೈಟಿ ಹಳಬ

ಇಲ್ಲಿ ನಡುವೆ ಬಾಯಿ ಹಾಕ್ತೀನಿ. ಹಿರಿಯರು ಹೇಳಿದ್ದು ಮಾಹಿತಿಯಾಗಿ ಅಮೂಲ್ಯ. ಆದರೆ ಇದು ರೈಲ್ವೆ ಇಲಾಖೆಯ ತರಬೇತಿ ಚಿತ್ರ ಅಲ್ಲ. ಮನುಷ್ಯ ಚುಕ್ಕಿಯಾಗಿ ಕರಗೋ ತನಕ ನೋಡ್ತಾ ಕೂರೋದು ಒಂದು ಧ್ಯಾನ. ಅವನು ವಾಪಸ್ ಬಂದ್ರೆ ಅದು ವರದಿ ಆಗ್ತದೆ.

ಸಿನಿಮಾ ಕಣ್ಣು ಬಿಟ್ಟಿದ್ದೇ ಕಾರ್ಖಾನೆ ಬಾಗಿಲಲ್ಲಿ ಅನ್ನೋದನ್ನ ಮರೀಬಾರದು. 1895ರ ಡಿಸೆಂಬರ್ 28ರಂದು ಪ್ಯಾರಿಸ್‌ನಲ್ಲಿ ಲುಮಿಯೇರ್ ಸಹೋದರರು ದುಡ್ಡು ತಗೊಂಡು ಜನಕ್ಕೆ ತೋರಿಸಿದ ತುಣುಕುಗಳಲ್ಲಿ ಒಂದು, ಲಿಯೋನ್ ಊರಿನ ಅವರ ಕಾರ್ಖಾನೆಯಿಂದ ಕೆಲಸದವರು ಹೊರಗೆ ಬರೋ ದೃಶ್ಯ. ಒಂದು ನಿಮಿಷವೂ ಇಲ್ಲ. ಕಥೆಯೂ ಇಲ್ಲ. ಆಮೇಲೆ ಸ್ಟೇಷನ್ನಿಗೆ ರೈಲು ಬರೋ ಚಿತ್ರ ಬಂತು. 1896ರ ಜುಲೈ 7ಕ್ಕೆ ಬಾಂಬೆಯ ವಾಟ್ಸನ್ ಹೋಟೆಲಿನಲ್ಲಿ ಲುಮಿಯೇರ್ ತುಣುಕುಗಳ ಪ್ರದರ್ಶನವೂ ಆಯ್ತು. ಕಾರ್ಖಾನೆ, ರೈಲು, ದಿನಚರಿ, ಇವೇ ಸಿನಿಮಾದ ಮೊದಲ ವಸ್ತುಗಳು. ಈ ಹುಡುಗರು ಅಲ್ಲಿಗೇ ವಾಪಸ್ ಹೋಗಿದಾರೆ. ಉದ್ದ ಆಯ್ತು ಅನ್ನೋರು ರೀಲ್ಸ್ ನೋಡ್ಕೊಳ್ಳಲಿ.

ಲೂಮ್ ಶೆಡ್ ಮಗಳು

ಸರ್, ಆ ಕಾರ್ಖಾನೆ ಲುಮಿಯೇರ್ ಅವರದ್ದೇ ಅಂತ ನೀವೇ ಬರೆದಿದೀರಿ. ಅಂದ್ರೆ ಕ್ಯಾಮೆರಾ ಇದ್ದದ್ದು ಮಾಲೀಕರ ಕೈಯಲ್ಲಿ. ಕೆಲಸ ಮುಗಿಸಿ ಹೊರಗೆ ಬರೋರು ಚೆನ್ನಾಗಿ ಕಾಣ್ತಾರೆ, ಒಳಗೆ ಏನಾಗ್ತದೆ ಅಂತ ಆ ಚಿತ್ರ ಹೇಳಲ್ಲ. ಈ ಹುಡುಗರ ಚಿತ್ರದಲ್ಲೂ ಮಿಲ್ಲಿನ ಭಾಗಕ್ಕೆ ಅದೇ ಆಗಿದೆ. ಅದಕ್ಕೇ ಬರೀತಿದೀನಿ.

ನಮ್ಮಪ್ಪ ಇಲ್ಲಿನ ಒಂದು ಹತ್ತಿ ಮಿಲ್ಲಿನಲ್ಲಿ ಮಗ್ಗ ಓಡೋ ಲೂಮ್ ಶೆಡ್ಡಿನಲ್ಲಿದ್ರು. ಕರ್ನಾಟಕದ ಮ್ಯಾಂಚೆಸ್ಟರ್ ಅಂತ ಊರಿಗೆ ಹೆಸರು ಬಂದದ್ದು ಅಂಥವರ ಬೆವರಿನಿಂದ. ಚಿತ್ರದಲ್ಲಿ ಮಿಲ್ಲಿನ ಗೋಡೆ ಬರ್ತದೆ, ಬಿರುಕಿನಲ್ಲಿ ಅರಳಿ ಗಿಡ, ಹಿಂದೆ ಕೊಳಲು. ಆ ಕೊಳಲು ಕೇಳಿ ನನಗೆ ಸಿಟ್ಟು ಬಂತು, ಸುಳ್ಳು ಯಾಕೆ ಹೇಳಲಿ. ಲೂಮ್ ಶೆಡ್ ಅಂದ್ರೆ ಏನು ಸದ್ದು ಗೊತ್ತಾ? ಪಕ್ಕದಲ್ಲಿ ನಿಂತವನ ಮಾತು ಕೇಳ್ತಿರಲಿಲ್ಲ. ಒಬ್ಬರ ಬಾಯಿ ನೋಡ್ಕೊಂಡು ಇನ್ನೊಬ್ಬರು ಅರ್ಥ ಮಾಡ್ಕೋತಿದ್ರು, ಇಲ್ಲ ಕೈಸನ್ನೆ. ದಾರ ಕಡಿದಿದೆ ಅನ್ನೋಕೆ ಒಂದು ಸನ್ನೆ, ಮೇಸ್ತ್ರಿ ಬಂದ ಅನ್ನೋಕೆ ಒಂದು. ಮನೆಗೆ ಬಂದ ಮೇಲೂ ಅಪ್ಪ ಜೋರಾಗೇ ಮಾತಾಡೋರು. ನಾವು ಚಿಕ್ಕವರಿದ್ದಾಗ ಬೈತಾರೆ ಅಂತಲೇ ಅಂದ್ಕೊಂಡಿದ್ವಿ.

ಪಾಳಿ ಅಂತ ಇತ್ತು. ಮೊದಲ ಪಾಳಿ, ಎರಡನೇದು, ರಾತ್ರಿದು. ಮಿಲ್ಲಿನ ಕೂಗು ಆದ್ರೆ ಓಣಿಯೆಲ್ಲ ಏಳ್ತಿತ್ತು. ಮಿಲ್ಲಿಗೂ ಆ ಮನೆಗೂ ಸಂಬಂಧವೇ ಇಲ್ಲದಿದ್ರೂ ಅಮ್ಮಂದಿರು ಕೂಗು ಕೇಳೇ ಒಲೆಗೆ ಎಸರು ಇಡೋರು. ನಿಮ್ಮ ಚಿತ್ರ ಪೂರ್ತಿ ದಿನಚರಿ ಅನ್ನೋ ಹಾಗಿದೆ, ಆದ್ರೆ ಕೂಗು ಮಾತ್ರ ಇಲ್ಲ.

ಮತ್ತೆ ಹತ್ತಿ ಧೂಳು. ಹತ್ತಿ ಬಿಡಿಸಿ ಹಿಂಜೋ ಬ್ಲೋ ರೂಮು, ಕಾರ್ಡಿಂಗ್ ಕಡೆ ಇದ್ದೋರಿಗೆ ಅದು ಜಾಸ್ತಿ. ವಾರದ ರಜೆ ಮುಗಿಸಿ ಕೆಲಸಕ್ಕೆ ಹೋದ ಮೊದಲ ದಿನವೇ ಎದೆ ಬಿಗಿಯೋದು, ಕೆಮ್ಮು. ವಾರ ಕಳೀತಾ ಕಮ್ಮಿ ಆಗೋದು, ರಜೆ ಆದ ಮೇಲೆ ಮತ್ತೆ. ಡಾಕ್ಟರುಗಳು ಅದಕ್ಕೆ ಬಿಸಿನೋಸಿಸ್ ಅಂತಾರೆ. ವರ್ಷಗಟ್ಟಲೆ ಹಾಗೇ ಬಿಟ್ರೆ ಪುಪ್ಪುಸವೇ ಹಾಳಾಗ್ತದೆ. ದಿನಾ ಅದೇ ಕೆಲಸ ಅನ್ನೋದರೊಳಗೆ ಇದೂ ಇತ್ತು. ಕೊಳಲು ಹಾಕಿದ್ರೆ ಇದು ಹೇಗೆ ಕೇಳಬೇಕು?

ಪಿ.ಬಿ. ರಸ್ತೆ

ಅಕ್ಕಾ, ಕೊಳಲಿನ ಬಗ್ಗೆ ನನಗೂ ಹಾಗೇ ಅನ್ನಿಸಿತ್ತು, ಹೇಳೋಕೆ ಧೈರ್ಯ ಇರಲಿಲ್ಲ. ನಮ್ಮ ಕಡೆ ಯಾರೇ ಕಿರುಚಿತ್ರ ಮಾಡಲಿ, ಹಳೇ ಗೋಡೆ ಕಂಡ್ರೆ ಕೊಳಲು ಬಂದೇ ಬರ್ತದೆ.

ಹರಿಹರ ಟರ್ನರ್

ನಮ್ಮೂರಿಗೂ ಸ್ವಲ್ಪ ಬರ್ರಿ ಅಂತ ಕರೀತೀನಿ. ಅಮರಾವತಿ ಕಾಲೊನಿಗೆ ಬಂದು ವಾಪಸ್ ಹೋಗಿದೀರಿ, ಇನ್ನೊಂದು ಹೆಜ್ಜೆ ಇಟ್ಟಿದ್ರೆ ಹರಿಹರ. ಇಲ್ಲಿ 1941ರಲ್ಲಿ ಮೈಸೂರು ಕಿರ್ಲೋಸ್ಕರ್ ಶುರುವಾಗಿ ದೇಶಕ್ಕೆಲ್ಲ ಲೇತ್ ಮಷಿನ್ ಕೊಟ್ಟಿತ್ತು. ನಮ್ಮ ತಂದೆ ಅಲ್ಲಿ ಟರ್ನರ್, ಲೇತ್ ಮೇಲೆ ಕಬ್ಬಿಣ ತಿರುವಿ ಅಳತೆಗೆ ತರೋರು. ನದಿ ದಾಟಿದ್ರೆ ಕುಮಾರಪಟ್ಟಣದಲ್ಲಿ ಪಾಲಿಫೈಬರ್ಸ್ ಕಾರ್ಖಾನೆ, ಅದರ ಪಾಳಿ ಇವತ್ತಿಗೂ ನಡೀತಿದೆ. ಕಿರ್ಲೋಸ್ಕರ್ ಶುರುವಾದ ಕಾಲಕ್ಕೆ ತುಂಗಭದ್ರೆ ಸೇತುವೆ ದಾಟಿದ್ರೆ ಮೈಸೂರು ಸಂಸ್ಥಾನ ಮುಗಿದು ಬಾಂಬೆ ಪ್ರಾಂತ್ಯ. ಹಳಿ ಮಾತ್ರ ಎರಡೂ ಕಡೆಗೆ ಒಂದೇ.

ಟರ್ನರ್ ಮಗನಾಗಿ ಒಂದು ಮಾತು. ಬಿಸಿಲು ಕಂಬಿ ಅಜ್ಜಾರು ಹೇಳಿದ ‘ಬರುವಾಗ ಇನ್ನೊಂದು ಕಂಬಿ’ ಅನ್ನೋದರಲ್ಲೇ ನಿಮ್ಮ ಚಿತ್ರ ಇದೆ. ನಮ್ಮಪ್ಪ ದಿನಕ್ಕೆ ಅದೇ ಶಾಫ್ಟು ಅದೇ ಅಳತೆಗೆ ಎಷ್ಟೋ ಸಲ ತಿರುವೋರು. ಹೊರಗಿನಿಂದ ನೋಡಿದ್ರೆ ಅದೇ ಅದೇ. ಆದ್ರೆ ಒಂದು ಪೀಸಿನಲ್ಲಿ ಟೂಲ್ ಸವೆದಿರ್ತದೆ, ಇನ್ನೊಂದರಲ್ಲಿ ಕಬ್ಬಿಣವೇ ಗಡಸು ಬಂದಿರ್ತದೆ. ಕತ್ತರಿಸಿ ಬರೋ ಕಬ್ಬಿಣದ ಸುರುಳಿಯ ಬಣ್ಣ ನೋಡಿ, ಸದ್ದು ಕೇಳಿ ಕೈ ಹಿಡಿತ ಬದಲಾಯಿಸೋರು. ಕೆಲಸದವನಿಗೆ ಎರಡು ಪೀಸು ಒಂದೇ ಅಲ್ಲ. ನಿಮ್ಮ ಕ್ಯಾಮೆರಾಕ್ಕೆ ಒಂದೇ ಆಗಿ ಕಂಡಿದೆ, ಯಾಕಂದ್ರೆ ದೂರ ನಿಂತಿದೆ.

ಫಿಲ್ಮ್ ಸೊಸೈಟಿ ಹಳಬ

ದೂರ ನಿಲ್ಲೋದು ಒಂದು ನಿಲುವು, ಸೋಮಾರಿತನ ಅಲ್ಲ. ಹತ್ತಿರ ಹೋಗಿ ಕೈ, ಬೆವರು, ಸುಕ್ಕು ತೋರಿಸಿದ್ರೆ ನೋಡೋರಿಗೆ ಕನಿಕರ ಹುಟ್ಟಿಸೋದು ಸುಲಭ. ಈ ಚಿತ್ರ ಅದನ್ನ ಮಾಡಿಲ್ಲ, ಅದಕ್ಕೇ ನನಗೆ ಇಷ್ಟ. ಕೊಳಲಿನ ಬಗ್ಗೆ ಮಾತ್ರ ತಂಗಿ ಹೇಳಿದ್ದು ಒಪ್ತೀನಿ.

ಭಟ್ಟಿ ಮನೆ

ಮಂಡಕ್ಕಿ ಭಟ್ಟಿ ಶಾಟ್ ಬಗ್ಗೆ ಯಾರೂ ಮಾತಾಡ್ಲಿಲ್ಲ, ಅದು ನಮ್ಮನೆ ಕೆಲಸ. ಬೆಂಕಿ ಬಹಳ ಚಂದ ಬಂದಿದೆ. ಆದ್ರೆ ನೀವು ತೋರಿಸಿದ್ದು ಕೊನೇ ಹತ್ತು ಸೆಕೆಂಡು. ಕಾದ ಮರಳಿಗೆ ಅಕ್ಕಿ ಬಿತ್ತು, ಚಟಚಟ ಅರಳ್ತು, ಜರಡಿಗೆ ಹೋಯ್ತು, ಮರಳು ಕೆಳಗೆ, ಮಂಡಕ್ಕಿ ಮೇಲೆ. ಅಷ್ಟಾಗೋಕೆ ಮೊದಲು ಭತ್ತ ನೆನೆಸಬೇಕು, ಬೇಯಿಸಬೇಕು, ಹುರೀಬೇಕು, ಒಣಗಿಸಬೇಕು, ಮಿಲ್ಲಿಗೆ ಹಾಕಿ ಹೊಟ್ಟು ತೆಗೀಬೇಕು, ಉಪ್ಪುನೀರು ಹಾಕಿ ಕಲಸಬೇಕು. ಒಂದರಲ್ಲಿ ಹದ ತಪ್ಪಿದ್ರೂ ಅಕ್ಕಿ ಅರಳಲ್ಲ, ಕಲ್ಲಾಗಿ ಕೂತ್ಕೊಳ್ತದೆ. ಹದ ಆಗಿದೆಯಾ ಅಂತ ನಮ್ಮ ದೊಡ್ಡಮ್ಮ ಒಂದು ಹಿಡಿ ಅಕ್ಕಿ ಅಂಗೈಯಲ್ಲಿ ಉಜ್ಜಿ ಕಿವಿ ಹತ್ರ ಹಿಡೀತಾರೆ. ಅದೇನು ಕೇಳ್ತದೋ ಅವರಿಗೇ ಗೊತ್ತು. ಕೇಳಿ ‘ಇನ್ನೊಂದು ಸುತ್ತು ಒಣಗಲಿ’ ಅಂತಾರೆ. ಅದನ್ನ ತೆಗೀರಿ.

ಭಟ್ಟಿ ಮುಂದೆ ನಿಂತೋನ ಮೈ ಮುಂದುಗಡೆ ಬೇಯ್ತದೆ, ಬೆನ್ನು ತಣ್ಣಗಿರ್ತದೆ. ಹೊಗೆ ಬಗ್ಗೆ ಊರಿನವರ ತಕರಾರು ಏನಿದೆ ಅಂತ ನಮಗೂ ಗೊತ್ತು, ಆ ಜಗಳ ಇಲ್ಲಿ ಬೇಡ.

ಮಿರ್ಚಿ ಮಂಡಕ್ಕಿ

ನನ್ನ ಹೆಸರಿಗೆ ಕಾರಣರಾದವರಿಗೆ ಸಾಷ್ಟಾಂಗ.

ದುರ್ಗದವ

ಚಿತ್ರದುರ್ಗದಿಂದ ಒಂದು ಸಣ್ಣ ಅಸೂಯೆಯ ಕಾಮೆಂಟು. ನಿಮಗೆ ನೋಡೋಕೆ ರೈಲಾದ್ರೂ ಇದೆ. 2023ರ ಜೂನಿನಿಂದ ವಂದೇ ಭಾರತ್ ಬೇರೆ ನಿಲ್ತದೆ ದಾವಣಗೆರೆಯಲ್ಲಿ. ನಮ್ಮದು ಚಿಕ್ಕಜಾಜೂರಿನಿಂದ ಕವಲೊಡೆದು ರಾಯದುರ್ಗಕ್ಕೆ ಹೋಗೋ ದಾರಿ. ಪ್ರಯಾಣಿಕರ ಗಾಡಿಗಿಂತ ಬಳ್ಳಾರಿ ಕಡೆಯ ಅದಿರಿನ ಗಾಡಿ ನೋಡಿದ್ದೇ ಜಾಸ್ತಿ. ನಮ್ಮ ಸ್ಟೇಷನ್ನಿನಲ್ಲಿ ಧ್ಯಾನ ಮಾಡೋಕೆ ಕಷ್ಟ ಪಡಬೇಕಾಗಿಲ್ಲ, ಅಷ್ಟು ಪುರುಸೊತ್ತು ಇರ್ತದೆ.

ತುಮಕೂರು–ಚಿತ್ರದುರ್ಗ–ದಾವಣಗೆರೆ ನೇರ ಮಾರ್ಗ ಮಂಜೂರಾದದ್ದು 2011–12ರ ಬಜೆಟ್ಟಿನಲ್ಲಿ. ಸುಮಾರು 191 ಕಿಲೋಮೀಟರ್. ಆಗ ಹುಟ್ಟಿದ ಮಕ್ಕಳು ಹೈಸ್ಕೂಲಿಗೆ ಬಂದ್ರು. ಈಗಲೂ ರೈಲಿನಲ್ಲಿ ಬೆಂಗಳೂರಿಗೆ ಹೋಗಬೇಕಂದ್ರೆ ಚಿಕ್ಕಜಾಜೂರು, ಬೀರೂರು, ಅರಸೀಕೆರೆ ಸುತ್ತಿ ತುಮಕೂರು ಸೇರಬೇಕು. ನಮ್ಮ ಮಾವನ ಹೊಲದಲ್ಲಿ ಹೊಸ ಮಾರ್ಗಕ್ಕೆ ಅಂತ ಕಲ್ಲು ನೆಟ್ಟು ಹೋಗಿದಾರೆ. ಆ ಕಲ್ಲಿನ ಎರಡೂ ಕಡೆ ಶೇಂಗಾ ಬಿತ್ತಿ ಬೆಳೆ ತೆಗೆದಿದಾರೆ. ನಿಮ್ಮ ಮುಂದಿನ ಚಿತ್ರಕ್ಕೆ ಹಳಿ ಬರೋದಕ್ಕೆ ಮುಂಚಿನ ನೆಲ ತೆಗೀರಿ. ನಾನು ಕರ್ಕೊಂಡು ಹೋಗ್ತೀನಿ, ಊಟ ನಮ್ಮನೇಲಿ.

ಲೋಕೋ ಕ್ಯಾಬ್

ಸದ್ದಿನ ವಿಷಯಕ್ಕೆ ವಾಪಸ್ ಬರ್ತೀನಿ. ಬಿಸಿಲು ಕಂಬಿಯವರು ಹೇಳಿದ್ದು ನೂರಕ್ಕೆ ನೂರು ನಿಜ. ಅದರ ಜೊತೆಗೆ ಈಗ ಎಲೆಕ್ಟ್ರಿಕ್ ಎಂಜಿನ್. ಡೀಸೆಲ್ ಎಂಜಿನ್ ಎರಡು ಕಿಲೋಮೀಟರ್ ಮುಂಚೆ ಗುಡುಗ್ತಾ ಬರ್ತಿತ್ತು, ಇದು ಹಾಗಲ್ಲ. ಎದುರು ಗಾಳಿ ಇದ್ರೆ ಹಳಿ ಮೇಲಿರೋರಿಗೆ ಕೇಳೋದೇ ತಡ. ಹಾರ್ನ್ ಹೊಡೀತಾನೇ ಇರ್ತೀವಿ.

ಬಿಸಿಲು ಕಂಬಿ

ಹೌದ್ರಿ ಪೈಲಟ್ ಸಾಹೇಬ್ರೇ. ಚಿತ್ರ ಮಾಡಿದ ಹುಡುಗನಿಗೆ ನಾನು ಹೇಳಬೇಕಂದಿದ್ದೂ ಅದೇ. ಚಿತ್ರದಲ್ಲಿ ಕೀಮ್ಯಾನ್ ನಡಿಯುವಾಗ ಎಲ್ಲಾ ತಣ್ಣಗೆ, ಹಕ್ಕಿ ಕೂಗು, ಇಬ್ಬನಿ. ನೋಡೋರಿಗೆ ಅದು ಶಾಂತಿ. ಅವನಿಗೆ ಅದೇ ಭಯ. ಕಣ್ಣು ಕೆಳಗೆ ಕ್ಲಿಪ್ಪಿನ ಮೇಲೆ, ಕಿವಿ ಹಿಂದೆ. ಸಿಂಗಲ್ ಲೈನ್ ಇದ್ದಾಗ ಗಾಡಿ ಟೈಮು ತಲೇಲಿ ಇರ್ತಿತ್ತು. ಈಗ ಡಬಲ್ ಲೈನ್, ಒಂದರ ಸದ್ದಿನಲ್ಲಿ ಇನ್ನೊಂದು ಮುಚ್ಚಿಹೋಗ್ತೈತಿ. ಒಂದು ಗಾಡಿ ಹೋತು ಅಂತ ನೆಮ್ಮದಿಯಾಗಿ ಆ ಕಡೆ ಹೆಜ್ಜೆ ಇಟ್ಟು ಸತ್ತವರು ಇದಾರೆ. ಹೆಸರು ಹೇಳೋದು ಬೇಡ, ಮನೆಯವರು ಓದ್ತಿರ್ತಾರೆ.

ಬೇಸಿಗೆದೊಂದು ಹೇಳ್ತೀನಿ ಕೇಳ್ರಿ. ಊರಿನಲ್ಲಿ 38 ಡಿಗ್ರಿ ಬಿಸಿಲು ಅಂದ್ರೆ ಕಂಬಿ ಅದಕ್ಕಿಂತ ಸುಮಾರು 20 ಡಿಗ್ರಿ ಹೆಚ್ಚು ಕಾದಿರ್ತೈತಿ. ಒಂದು ಕಿಲೋಮೀಟರ್ ಕಂಬಿ ಬಿಡುಬೀಸಾಗಿ ಬಿದ್ದಿದ್ದು 30 ಡಿಗ್ರಿ ಹೆಚ್ಚು ಕಾದ್ರೆ ಒಂದಡಿಗಿಂತ ಜಾಸ್ತಿ ಉದ್ದ ಆಗ್ತೈತಿ. ಆದ್ರೆ ಬೆಸೆದ ಕಂಬಿಗೆ ಉದ್ದ ಆಗೋಕೆ ಜಾಗ ಎಲ್ಲೈತಿ? ಕ್ಲಿಪ್ಪು, ಸ್ಲೀಪರು, ಜಲ್ಲಿ ಎಲ್ಲಾ ಸೇರಿ ಹಿಡಿದಿಟ್ಟಿರ್ತಾವೆ. ಹಿಡಿತ ತಪ್ಪಿದ್ರೆ ಕಂಬಿ ಹಾವಿನಂಗೆ ಸೊಟ್ಟ ಆಗ್ತೈತಿ. ಅದಕ್ಕೇ ಮಧ್ಯಾಹ್ನ ಬಿಸಿಲಿನಲ್ಲೇ ಗಸ್ತು ತಿರುಗಬೇಕು. ಚಳಿಗಾಲದಲ್ಲಿ ಉಲ್ಟಾ. ನಸುಕಿನಲ್ಲಿ ಕಂಬಿ ಕುಗ್ಗಿ ಎಳೀತೈತಿ, ವೆಲ್ಡ್ ಇರೋ ಕಡೆ ಬಿರುಕು ಬಿಡ್ತೈತಿ. ನಿಮ್ಮ ಚಿತ್ರದಲ್ಲಿ ಹಳಿ ಸುಮ್ಮನೆ ಮಲಗಿದಂಗೆ ಕಾಣ್ತೈತಿ. ಅದು ಮಲಗಂಗಿಲ್ಲ.

ಮತ್ತೆ ಸುತ್ತಿಗೆ. ಕ್ಲಿಪ್ಪು ಗಟ್ಟಿ ಕೂತಿದ್ರೆ ಸುತ್ತಿಗೆ ತಾಗಿಸಿದಾಗ ಟಣ್ ಅಂತೈತಿ. ಸಡಿಲ ಆಗಿದ್ರೆ ಡಬ್ಬ್ ಅಂತೈತಿ, ಕೈಗೇ ಗೊತ್ತಾಗ್ತೈತಿ. ನಿಂತು, ಬಗ್ಗಿ, ಎರಡು ಏಟು ಹಾಕಿ ಕೂರಿಸಿ, ಎದ್ದು ಹಿಂದೆ ಮುಂದೆ ನೋಡಿ, ಮತ್ತೆ ನಡಿಗೆ. ನಿಮಗೆ ಸದ್ದೇ ಬೇಕಂದ್ರೆ ಅದು ಹಾಕ್ರಿ. ಈಗಿನವರ ಹತ್ರ ಜಿಪಿಎಸ್ ಡಬ್ಬಿ ಕೊಟ್ಟಾರೆ, ಎಲ್ಲಿ ನಿಂತ ಎಲ್ಲಿ ನಡೆದ ಆಫೀಸಿನಲ್ಲಿ ಕಾಣ್ತೈತಿ. ಸುತ್ತಿಗೆ ಏನಂತು ಅಂತ ಅದಕ್ಕೆ ಕೇಳಂಗಿಲ್ಲ.

ಹಳೇಪೇಟೆ ಕ್ಯಾಮೆರಾ

ಎಲ್ಲರದ್ದೂ ಎರಡೆರಡು ಸಲ ಓದಿದೆ. ಒಂದೊಂದಾಗಿ ಹೇಳ್ತೀನಿ.

ಅಜ್ಜಾ, ಟಕಟಕ ಸದ್ದು ಎಲ್ಲಿಂದಲೋ ಡೌನ್‌ಲೋಡ್ ಮಾಡಿ ಹಾಕಿದ್ದಲ್ಲ. ಅಮರಾವತಿ ಕಾಲೊನಿಯಲ್ಲಿ ಕೊಟ್ಟೂರು ಕಡೆಗೆ ಕವಲೊಡೆಯೋ ಹತ್ತಿರ ಗಾಡಿ ಪಾಯಿಂಟ್ಸ್ ದಾಟುವಾಗ ರೆಕಾರ್ಡ್ ಮಾಡಿದ್ದು. ಗೊತ್ತಿದ್ದೇ ತೋಳಹುಣಸೆ ಶಾಟಿನ ಕೆಳಗೆ ಹಾಕಿದೀವಿ. ರೈಲು ಅಂದ್ರೆ ಜನರ ಕಿವಿಯಲ್ಲಿ ಇರೋದು ಆ ಸದ್ದೇ ತಾನೇ? ಅದನ್ನ ತೆಗೆದ್ರೆ ಅರ್ಧ ಜನಕ್ಕೆ ರೈಲು ಬರ್ತಿದೆ ಅಂತಲೇ ಗೊತ್ತಾಗಲ್ಲ.

ಕೊಳಲು ತೆಗೀತೀವಿ. ಅಕ್ಕಾ, ನಿಮ್ಮ ತಂದೆಯವರ ಜೊತೆ ಕೆಲಸ ಮಾಡಿದವರು ಯಾರಾದ್ರೂ ಇದ್ರೆ, ಆ ಕೈಸನ್ನೆಗಳನ್ನ ಒಂದ್ಸಲ ನಮ್ಮ ಮುಂದೆ ಮಾಡಿ ತೋರಿಸ್ತಾರಾ? ಗೋಡೆ ಮುಂದೆ ನಿಲ್ಲಿಸಿ ಅಲ್ಲ, ಅವರ ಮನೆಯಲ್ಲೇ. ಮಾತು ಬೇಡ, ಕೈ ಸಾಕು. ಭಟ್ಟಿ ಮನೆ ದೊಡ್ಡಮ್ಮ ಒಪ್ಪಿದ್ರೆ ನಾಳೆಯೇ ಬರ್ತೀವಿ.

ವಾಪಸ್ ಬರೋ ಕೀಮ್ಯಾನ್ ವಿಷಯ ನಮ್ಮ ನಾಲ್ಕು ಜನರಲ್ಲೇ ಜಗಳ ಹಚ್ಚಿದೆ. ಎಡಿಟ್ ಮಾಡೋನು ಬೇಡ ಅಂತಾನೆ, ನಾನು ಬೇಕು ಅಂತೀನಿ.

ಲೂಮ್ ಶೆಡ್ ಮಗಳು

ಅಪ್ಪನ ಸಂಗಾತಿಗಳು ಈಗ ಉಳಿದಿರೋದೇ ಕೆಲವರು. ಒಬ್ಬರು ನಮ್ಮ ಓಣಿಯಲ್ಲೇ ಇದಾರೆ, ಕೇಳ್ತೀನಿ. ಒಪ್ಪಿದ್ರೆ ಕರೀತೀನಿ, ಒಪ್ಪದಿದ್ರೆ ಒತ್ತಾಯ ಮಾಡಬೇಡಿ. ಬರುವಾಗ ಲೈಟು ಗೀಟು ತರಬೇಡಿ, ಅವರಿಗೆ ಕಣ್ಣಿನ ಆಪರೇಷನ್ ಆಗಿದೆ.

ಬಿಸಿಲು ಕಂಬಿ

ಸದ್ದಿನ ಬಗ್ಗೆ ನಿನ್ನ ಮಾತು ನಾನು ಒಪ್ಪಂಗಿಲ್ಲ ತಮ್ಮಾ. ಜನರ ಕಿವಿಯಲ್ಲಿರೋದು ನಾವು ಸಂದು ಸಂದಿಗೆ ಬೋಲ್ಟ್ ಬಿಗೀತಿದ್ದ ಕಾಲದ್ದು. ಆ ಕಂಬಿ ಈಗ ಇಲ್ಲ. ಇಲ್ಲದ ಕಂಬಿಯ ಸದ್ದನ್ನ ಇರೋ ಕಂಬಿ ಮೇಲೆ ಹಾಕಿದ್ರೆ, ಆ ಕೀಮ್ಯಾನ್ ಹುಡುಗ ಯಾಕೆ ಹಿಂದೆ ಹಿಂದೆ ತಿರುಗಿ ನೋಡ್ತಾನೆ ಅಂತ ನೋಡೋರಿಗೆ ಹೆಂಗೆ ತಿಳೀಬೇಕು? ಟಕಟಕ ಕೇಳಿದ್ರೆ ಅವನು ತಿರುಗೋದೇ ಬೇಡ.

ಫಿಲ್ಮ್ ಸೊಸೈಟಿ ಹಳಬ

ಇದು ಪಾಯಿಂಟು. ಇದಕ್ಕೆ ನನ್ನ ಹತ್ತಿರ ಉತ್ತರ ಇಲ್ಲ. ಆದ್ರೆ ವಾಪಸ್ ಬರೋ ಶಾಟ್ ಮೊದಲ ಶಾಟ್‌ನ ಜಾಗದಲ್ಲೇ, ಅದೇ ಫ್ರೇಮಿನಲ್ಲಿ ಬೇಡ. ಅದು ಬರೀ ಚಮತ್ಕಾರ ಆಗಿಬಿಡ್ತದೆ.

ಹರಿಹರ ಟರ್ನರ್

ಸಿನಿಮಾದ ಮಧ್ಯದಲ್ಲಿ ಹಾಕಲಿ ಸರ್. ಗೂಡ್ಸ್ ಗಾಡಿ ಹೋಗಿ ಗೇಟು ಎದ್ದು ಜನ ನುಗ್ತಾರಲ್ಲ, ಆ ಗದ್ದಲದಲ್ಲಿ ಅವನು ಆ ಕಡೆಯಿಂದ ಬರ್ತಿರಲಿ. ಯಾರೂ ನೋಡಲ್ಲ.

ಪಿ.ಬಿ. ರಸ್ತೆ

ಇದು ಬಹಳ ಚೆನ್ನಾಗಿದೆ. ಮಾಡ್ರಿ.

ಲೋಕೋ ಕ್ಯಾಬ್

ಮಾಡೋಕೆ ಮೊದಲು ಪರ್ಮಿಷನ್. ಈ ಸಲ ಕೀಮ್ಯಾನ್ ಹತ್ತಿರ ಹೋಗಬೇಕು, ಸುತ್ತಿಗೆ ಸದ್ದು ಬೇಕು ಅಂದ್ರೆ ರಸ್ತೆಯಿಂದ ಆಗಲ್ಲ. ಹುಬ್ಬಳ್ಳಿಯಲ್ಲಿ ನೈಋತ್ಯ ರೈಲ್ವೆ ವಲಯ ಕಚೇರಿ ಇದೆಯಲ್ಲ, ಅಲ್ಲಿ ಸಾರ್ವಜನಿಕ ಸಂಪರ್ಕ ವಿಭಾಗಕ್ಕೆ ಬರೀರಿ. ನಮ್ಮ ಭಾಗ ಮೈಸೂರು ವಿಭಾಗಕ್ಕೆ ಸೇರೋದು, ಪತ್ರದಲ್ಲಿ ಅದನ್ನೂ ನಮೂದಿಸಿ. ಎಷ್ಟು ಜನ, ಯಾವ ದಿನ, ಯಾವ ಕಿಲೋಮೀಟರಿನಿಂದ ಯಾವ ಕಿಲೋಮೀಟರಿನ ತನಕ, ಏನೇನು ಸಾಮಾನು, ಎಲ್ಲಾ ಬರೆದಿರಬೇಕು. ಹಳಿ ಪಕ್ಕದ ಕಂಬದ ಮೇಲೆ ಕಿಲೋಮೀಟರ್ ನಂಬರ್ ಇರ್ತದೆ, ರಸ್ತೆಯಿಂದಲೇ ಓದ್ಕೊಳ್ಳಿ.

ಬಿಸಿಲು ಕಂಬಿ

ಪತ್ರ ಕೊಟ್ಟ ಮೇಲೆ ಹಳಿ ಉಸ್ತುವಾರಿ ನೋಡೋ ಪಿಡಬ್ಲ್ಯೂಐ ಸಾಹೇಬ್ರನ್ನ ಒಂದ್ಸಲ ಕಂಡು ಬರ್ರಿ. ಬೆಳಿಗ್ಗೆ ಹೋಗಬೇಡ್ರಿ, ಗ್ಯಾಂಗಿಗೆ ಕೆಲಸ ಹಂಚೋ ಹೊತ್ತು, ಯಾರೂ ಮಾತಾಡ್ಸಂಗಿಲ್ಲ. ಮಧ್ಯಾಹ್ನ ಊಟ ಆದ ಮೇಲೆ ಹೋಗ್ರಿ. ನಾನೂ ಬರ್ತೀನಿ, ಮೊಮ್ಮಗಳ ಸ್ಕೂಟರಿನಲ್ಲಿ. ಕೀಮ್ಯಾನ್ ಹುಡುಗನಿಗೆ ಮಾತ್ರ ಕ್ಯಾಮೆರಾ ನೋಡಬ್ಯಾಡ ಅಂತ ಹೇಳಬ್ಯಾಡ್ರಿ. ನೋಡೋಕೆ ಅವನಿಗೆ ಪುರುಸೊತ್ತು ಇರಂಗಿಲ್ಲ.

ಮಿರ್ಚಿ ಮಂಡಕ್ಕಿ

ಹಾಗಾದ್ರೆ ಚಿತ್ರ ಈಗ 19 ನಿಮಿಷದಿಂದ ಎಷ್ಟಕ್ಕೆ ಹೋಗ್ತದೆ ಅಣ್ಣಾ? ಮೊದಲೇ ಹೇಳಿದ್ರೆ ನೆಟ್ ಪ್ಯಾಕ್ ಹಾಕಿಸ್ಕೊಳ್ತೀನಿ.

ಹಳೇಪೇಟೆ ಕ್ಯಾಮೆರಾ

ಗೋಡೆ ಶಾಟ್ ಕಡಿಮೆ ಮಾಡ್ತೀವಿ, ಸಂಜೆ ಹಳಿ ಶಾಟ್ ಪೂರ್ತಿ ಕತ್ತರಿಸಿ ಹಾಕ್ತೀವಿ. 22ಕ್ಕೆ ಮೇಲೆ ಹೋಗಲ್ಲ. ಸದ್ದಿನ ಬಗ್ಗೆ ಎಡಿಟರ್ ಇನ್ನೂ ಒಪ್ಪಿಲ್ಲ, ಅವನನ್ನೂ ಅಜ್ಜಾರ ಹತ್ತಿರ ಕರ್ಕೊಂಡು ಬರ್ತೀನಿ, ಅವರಿಬ್ಬರೇ ಕಿತ್ತಾಡ್ಕೊಳ್ಳಲಿ. ದುರ್ಗದವರೇ, ಶೇಂಗಾ ಹೊಲದ ಕಲ್ಲಿಗೆ ದೀಪಾವಳಿ ಆದ ಮೇಲೆ ಬರ್ತೀವಿ. ಊಟದ ಮಾತು ಮರೀಬೇಡ್ರಿ.